ಪಾಲಮಲೆಯಲ್ಲಿ ಬರೆಯದ ಸೊನ್ನೆ

ಮಕ್ಕಳಿಗೆ ಸರ್ಕಾರಿ ಆರೋಗ್ಯ ವಿಮೆ ಕೊಟ್ಟರೆ ಎಷ್ಟು ಖರ್ಚಾದೀತು ಎಂದು ಅಂದಾಜು ಮಾಡಲು, ಮನೆಮನೆಯ ಆಸ್ಪತ್ರೆ ಖರ್ಚು ಕೇಳಿ ಬರೆದುಕೊಳ್ಳಲು ನನ್ನನ್ನು ರಸ್ತೆಯಿಲ್ಲದ ಬೆಟ್ಟದೂರು ಪಾಲಮಲೆಗೆ ಕಳಿಸಿದ್ದರು. ಜೊತೆಗೆ ಯಾರೂ ಬರಲಿಲ್ಲ, ಒಬ್ಬಳೇ ಹತ್ತಿದೆ. ಮೊದಲ ಮನೆಯ ಹುಡುಗಿಯ ಕಾಲು ಮುರಿದು ಸೊಟ್ಟಗೆ ಕೂಡಿತ್ತು.

"ಆಸ್ಪತ್ರೆಗೆ ಎಷ್ಟು ಖರ್ಚಾಯ್ತು?" ಅಂದೆ.

"ಒಂದು ರೂಪಾಯೂ ಇಲ್ಲಕ್ಕಾ," ಅಂದಳು ತಾಯಿ, ಹೆಮ್ಮೆಯಿಂದಲೇ. "ಒತ್ಕೊಂಡು ಇಳಿಯೋಕೆ ನಾಕು ಗಂಡಸ್ರು ಬೇಕು. ಎಲ್ಲಾ ಕೂಲಿಗೆ ಓಗಿದ್ರು. ಕಾಲು ಅದಾಗೇ ಕೂಡ್ಕೊಂತು."

ಫಾರಂನಲ್ಲಿ ಸೊನ್ನೆ ಬರೆದರೆ ಇಲ್ಲಿನ ಮಕ್ಕಳಿಗೆ ಹಣವೇ ಬೇಡ ಅಂತ ಮೇಲಿನವರು ತಿಳಿಯುತ್ತಾರೆ. ನಾನು ಬರೆಯಲಿಲ್ಲ. ಹೊರುವವರ ಕೂಲಿ, ಬಸ್ಸು, ಕಾಲಿನ ಕಟ್ಟು, ಎಲ್ಲವನ್ನೂ ತಾಯಿಯೂ ನಾನೂ ಕೂತು ಅಂದಾಜು ಮಾಡಿ ತುಂಬಿದೆವು.

ಅಲ್ಲಿಂದಲೇ ಫಾರಂನ ಫೋಟೋ ಕಳಿಸಿದ ಮೇಲೆ ಆಫೀಸಿನಿಂದ ಫೋನ್ ಬಂತು. "ಮಾಡದ ಖರ್ಚು ಯಾಕಮ್ಮಾ ಬರೆದೆ? ಅಳಿಸು."

"ಬೆಟ್ಟ ಹತ್ತಿ ಬಂದು ನೀವೇ ಅಳಿಸಿ ಸಾರ್."

ಅವರು ಹತ್ತಲಿಲ್ಲ. ನನ್ನನ್ನೂ ಮತ್ತೆ ಕೆಲಸಕ್ಕೆ ಕರೆಯಲಿಲ್ಲ. ಇಲ್ಲಿಯವರೆಗೆ ಅವರು ಉಳಿಸಿದ ಖರ್ಚು ನಾನೊಬ್ಬಳೇ.