ಬಿಳಿ ಹೂ ಕೀಳುವ ಡೆಲ್ಫಿನ್

ಜಲಸಂಧಿಯ ಮೇಲಿನ ಮಂಜು ಇನ್ನೂ ಸರಿದಿಲ್ಲ. ಮನೆಯ ಹಿಂದಿನ ಇಳಿಜಾರಿನಲ್ಲಿ, ಓಕ್ ಮರಗಳ ನಡುವೆ ಡೆಲ್ಫಿನ್ ಹ್ಯಾರಿ ಎಂಬ ವಯಸ್ಸಾದ ಹೆಂಗಸು ಮಂಡಿಯೂರಿ ಕೂತಿದ್ದಾರೆ. ಮಂಡಿಯ ಕೆಳಗೆ ಹಳೆಯ ದಿಂಬು, ಕೈಯಲ್ಲಿ ಚೂಪು ಮಾಡಿದ ಮರದ ಕೋಲು, ಪಕ್ಕದಲ್ಲಿ ಮುಚ್ಚಳವಿರುವ ತಗಡಿನ ಡಬ್ಬ. ಸುತ್ತಲೂ ಮೊಣಕಾಲೆತ್ತರಕ್ಕೆ ಕಮಾಸ್ ಎಂಬ ಗೆಡ್ಡೆಗಿಡ ಹೂಬಿಟ್ಟು ಇಡೀ ಇಳಿಜಾರು ನೀಲಿಯಾಗಿದೆ. ರಸ್ತೆಯಲ್ಲಿ ಹೋಗುವವರು ಕಾರು ನಿಲ್ಲಿಸಿ ಫೋಟೋ ತೆಗೆಯುತ್ತಾರೆ. ಡೆಲ್ಫಿನ್ ಅವರಿಗೆ ಆ ನೀಲಿಯ ಗೊಡವೆಯೇ ಇಲ್ಲ, ಅವರು ಹುಡುಕುತ್ತಿರುವುದು ಬಿಳಿ ಹೂವನ್ನು.

ಒಂದು ಸಿಗುತ್ತದೆ. ಬುಡಕ್ಕೆ ಕೋಲು ಇಳಿಸಿ, ಮೈಭಾರವನ್ನೆಲ್ಲ ಹಾಕಿ ಮೀಟುತ್ತಾರೆ. ಸಾಂಬಾರ್ ಈರುಳ್ಳಿಯಷ್ಟು ದಪ್ಪದ ಗೆಡ್ಡೆ ಮಣ್ಣಿನ ಸಮೇತ ಮೇಲೆ ಬರುತ್ತದೆ. ಅದನ್ನು ಡಬ್ಬಕ್ಕೆ ಹಾಕಿ ಮುಚ್ಚಳ ಬಿಗಿಯುತ್ತಾರೆ. ಪಕ್ಕದ ನೀಲಿ ಹೂವಿನ ಗೆಡ್ಡೆಯನ್ನು ಕಿತ್ತು ಇದರ ಜೊತೆಗಿಟ್ಟರೆ ಯಾವುದು ಯಾವುದೆಂದು ಹೇಳುವುದು ಬಹಳ ಕಷ್ಟ. ನೀಲಿಯದು ಈ ಕರಾವಳಿಯ ಮೂಲನಿವಾಸಿಗಳಾದ ಇವರ ಜನರ ಹಳೆಯ ಊಟ. ಬಿಳಿಯದು ವಿಷ, ಎಷ್ಟು ಬೇಯಿಸಿದರೂ ವಿಷವೇ. ಗುರುತು ಹೇಳುವುದು ಹೂವೊಂದೇ, ಅದೂ ವಸಂತದ ಕೆಲವೇ ವಾರ. ಆ ವಾರಗಳಲ್ಲಿ ಡೆಲ್ಫಿನ್ ಬೆಳಕು ಹರಿಯುವ ಮೊದಲೇ ಇಲ್ಲಿರುತ್ತಾರೆ.

ಪಿಕಪ್ ಗಾಡಿಯೊಂದು ಬೇಲಿಯ ಪಕ್ಕ ನಿಧಾನವಾಗುತ್ತದೆ. ದೊಡ್ಡಪ್ಪನ ಮಗ ಎಲ್ಮರ್, ಏಡಿ ಹಿಡಿಯಲು ಹೊರಟವರು.

"ಏನ್ ಡೆಲ್ಫಿ, ಇವತ್ತೆಷ್ಟು ಜನರ ಪ್ರಾಣ ಉಳಿಸ್ದೆ?"

"ನಿನ್ನೊಬ್ಬನ್ನ ಬಿಟ್ಟು ಎಲ್ಲಾರ್ದೂ."

ಎಲ್ಮರ್ ನಗುತ್ತಾ ಮುಂದೆ ಹೋಗುತ್ತಾರೆ. ಡೆಲ್ಫಿನ್ ನಗುವುದಿಲ್ಲ. ಈ ತಮಾಷೆಯನ್ನು ಎಲ್ಮರ್ ಒಬ್ಬರೇ ಬಾಯಿಬಿಟ್ಟು ಆಡುತ್ತಾರೆ, ಊರಿನ ಉಳಿದವರು ಮನಸ್ಸಿನಲ್ಲೇ ಆಡಿಕೊಳ್ಳುತ್ತಾರೆ ಎಂದು ಅವರಿಗೆ ಗೊತ್ತು. ಈ ತೋಟದ ಗೆಡ್ಡೆಯನ್ನು ಊರಿನಲ್ಲಿ ಯಾರೂ ತಿನ್ನುವುದಿಲ್ಲ. ನಾಲ್ಕು ವರ್ಷದ ಹಿಂದೆ ತಿಂದ ಒಬ್ಬ ಸತ್ತ. ಅವನು ಡೆಲ್ಫಿನ್ ಅವರ ಬೆನ್ನಿಗೆ ಬಿದ್ದ ತಮ್ಮ, ಆಲ್ವಿನ್.

ತೋಟ ಇವರ ತಾಯಿಯ ಕಾಲದ್ದು. ಹಿಂದೆ ಇಲ್ಲಿನ ಒಂದೊಂದು ಮನೆತನಕ್ಕೂ ಅದರದೇ ಕಮಾಸ್ ಹೊಲವಿತ್ತು. ಕಲ್ಲು ಆರಿಸಿ, ಶರತ್ಕಾಲದಲ್ಲಿ ಒಣಹುಲ್ಲಿಗೆ ಬೆಂಕಿ ಕೊಟ್ಟು, ಸಣ್ಣ ಗೆಡ್ಡೆಗಳನ್ನು ಮರಳಿ ಮಣ್ಣಿಗಿಟ್ಟು ಅದನ್ನು ಸಾಕುತ್ತಿದ್ದರು. ಆಮೇಲೆ ಹೊಲಗಳ ಮೇಲೆ ಮನೆಗಳು ಬಂದವು, ರಸ್ತೆಗಳು ಬಂದವು, ಗಾಲ್ಫ್ ಮೈದಾನ ಬಂತು. ಸರ್ಕಾರದವರು ಮಕ್ಕಳನ್ನು ದೂರದ ವಸತಿ ಶಾಲೆಗೆ ಎಳೆದೊಯ್ದು, ಮನೆಮಾತು ಆಡಿದರೆ ಬಾಸುಂಡೆ ಬರಿಸಿದರು. ಅಲ್ಲಿಂದ ಹೊರಬಂದಾಗ ಡೆಲ್ಫಿನ್ ಅವರಿಗೆ ತಾಯಿಯ ಮಾತು ಅರ್ಧ ಮರೆತುಹೋಗಿತ್ತು. ಉಳಿದದ್ದು ಈ ಇಳಿಜಾರು. ಬೀಜ ಬಿತ್ತಿದರೆ ಹೂ ನೋಡಲು ನಾಲ್ಕೈದು ವರ್ಷ ಕಾಯಬೇಕು. ಅಷ್ಟು ಕಾದು, ಜಿಂಕೆ ಮೇಯದಂತೆ ನೋಡಿಕೊಂಡು, ಹಳದಿ ಹೂವಿನ ಹಾಳು ಪೊದೆಗಳನ್ನು ಬೇರುಸಮೇತ ಕಿತ್ತು ಇಷ್ಟನ್ನು ಮತ್ತೆ ಎಬ್ಬಿಸಿದ್ದಾರೆ.

"ಅಮ್ಮ ಒಂದೇ ಹೇಳಿದ್ದು," ಎನ್ನುತ್ತಾರೆ. "ದಂಟಿನ ಸಮೇತ ಕೀಳು, ದಂಟಿನ ತುದೀಲಿ ನೀಲಿ ಕಾಣಬೇಕು. ಕಾಣಲಿಲ್ವಾ, ಬಿಟ್ಟು ಎದ್ದು ಬಾ. ಇದಕ್ಕಿಂತ ಸುಲಭದ ಮಾತುಂಟಾ? ನಾನು ಅದನ್ನೂ ಉಳಿಸ್ಕೊಳ್ಲಿಲ್ಲ."

ಆದದ್ದು ಹೀಗೆ. ಗುಡ್ಡದ ಅಂಚಿನಲ್ಲಿ ರಸ್ತೆ ಅಗಲ ಮಾಡುತ್ತಾರೆಂಬ ಸುದ್ದಿ ಬಂದಾಗ ಅಕ್ಕ, ತಮ್ಮ ಇಬ್ಬರೂ ಗುದ್ದಲಿ ಹಿಡಿದು ಓಡಿದರು. ಯಂತ್ರ ಬರುವ ಮುನ್ನ ಅಲ್ಲಿದ್ದ ಗೆಡ್ಡೆಗಳನ್ನು ಉಳಿಸಬೇಕಿತ್ತು. ಆಗ ಶರತ್ಕಾಲ. ಹೂವಿಲ್ಲ, ಎಲೆಯೂ ಇಲ್ಲ, ಬರೀ ಗೆಡ್ಡೆ. ಚೀಲಗಟ್ಟಲೆ ತಂದು ತೋಟದ ಕೆಳಅಂಚಿಗೆ ನೆಟ್ಟರು, ವಸಂತದಲ್ಲಿ ಬಿಳಿ ಕಂಡರೆ ತೆಗೆದರಾಯಿತು ಎಂದುಕೊಂಡರು. ಜಾಗ ಬದಲಿಸಿದ ಗೆಡ್ಡೆ ಮೊದಲ ವರ್ಷ ಮುನಿಸಿಕೊಂಡು ಹೂ ಬಿಡಲಿಲ್ಲ. ಎರಡನೆಯ ವಸಂತದಲ್ಲಿ ಅವು ಹೂಬಿಟ್ಟಾಗ ಡೆಲ್ಫಿನ್ ಸೊಂಟದ ಶಸ್ತ್ರಚಿಕಿತ್ಸೆಗೆಂದು ಪಟ್ಟಣದ ಆಸ್ಪತ್ರೆಯಲ್ಲಿದ್ದರು.

ಅಕ್ಕ ಮನೆಗೆ ಬರುತ್ತಾಳೆ, ನೆಂಟರೂ ನೋಡಲು ಬರುತ್ತಾರೆ ಎಂದು ಆಲ್ವಿನ್ ಸಂಭ್ರಮದಿಂದ ಹುಲ್ಲು ಕತ್ತರಿಸುವ ಯಂತ್ರ ತಂದು ಇಡೀ ಇಳಿಜಾರನ್ನು ನುಣ್ಣಗೆ ಬೋಳಿಸಿಟ್ಟಿದ್ದ. ದಂಟು, ಹೂ, ಕಾಯಿ ಒಂದೂ ಉಳಿದಿರಲಿಲ್ಲ.

"ಹೆಂಗಿದೆ ಅಕ್ಕ, ಚೊಕ್ಕ ಆಯ್ತಲ್ಲ, ಅಂದ. ನಾನು ಬಯ್ಯಬೇಕಿತ್ತು. ಬಯ್ಯೋಕ್ ಮನಸ್ಸಾಗ್ಲಿಲ್ಲ. ಈ ವರ್ಷ ಕೀಳೋದು ಬೇಡ ಅನ್ನಬೇಕಿತ್ತು. ಮೂವತ್ತು ವರ್ಷ ಕೈಯಾಡಿಸಿದ ಮಣ್ಣು ಕಣೋ, ನಂಗೊತ್ತಿಲ್ವಾ, ಅಂದೆ. ಕುರ್ಚಿ ಮೇಲೆ ಕೂತು ಇಲ್ಲಿ ಅಗಿ, ಅಲ್ಲಿ ಅಗಿ ಅಂತ ನಾನೇ ಬೆರಳು ತೋರ್ಸಿದ್ದು."

ಕಾದ ಕಲ್ಲಿನ ಗುಂಡಿಯಲ್ಲಿ, ಜರೀಗಿಡದ ಎಲೆಯ ನಡುವೆ, ಮಣ್ಣು ಮುಚ್ಚಿ ಒಂದಿಡೀ ದಿನಕ್ಕಿಂತ ಹೆಚ್ಚು ಬೇಯಿಸಿದರು. ಕಮಾಸ್ ಹಾಗೆ ಬೆಂದರೆ ಕಪ್ಪಗೆ, ಬೆಲ್ಲದ ಪಾಕದಂತೆ ಸಿಹಿಯಾಗುತ್ತದೆ. ಗುಂಡಿ ತೆರೆದವನೇ ಆಲ್ವಿನ್ ಬಿಸಿಬಿಸಿಯಾಗಿ ಹಿಡಿಗಟ್ಟಲೆ ತಿಂದ. ಸಣ್ಣಂದಿನಿಂದಲೂ ಅವನದು ಅದೇ ಆತುರ. ಇನ್ನಿಬ್ಬರು ವಾಂತಿ ಮಾಡಿಕೊಂಡು ಉಳಿದರು. ಆಲ್ವಿನ್ ಬಾಯಲ್ಲಿ ನೊರೆ ಬಂತು, ಕಾಲು ನಿಲ್ಲಲಿಲ್ಲ, ಮರುದಿನ ಆಸ್ಪತ್ರೆಯಲ್ಲಿ ಎದೆಬಡಿತ ನಿಂತಿತು.

"ನಾನೂ ಎರಡು ತಿಂದಿದ್ದೆ," ಎನ್ನುತ್ತಾರೆ ಡೆಲ್ಫಿನ್. "ನನ್ ಪಾಲಿಗೆ ಎರಡೂ ನೀಲಿದೇ ಬಂದ್ವು."

ಇದನ್ನು ಅವರು ಅಳದೆ ಹೇಳುತ್ತಾರೆ, ಕೇಳುವವರಿಗೇ ತಡೆಯಲಾಗುವುದಿಲ್ಲ. ಪಕ್ಕದ ಮನೆಯಲ್ಲೇ ಇರುವ ಆಲ್ವಿನ್‌ನ ಹೆಂಡತಿ ರೋಸಲಿ ಅಂದಿನಿಂದ ಇವರೊಡನೆ ಮಾತು ಬಿಟ್ಟರು. ತೋಟವನ್ನು ಅಗೆದು ಆಲೂಗೆಡ್ಡೆ ಹಾಕು ಎಂದವರಿದ್ದಾರೆ. ಡೆಲ್ಫಿನ್ ಒಪ್ಪಲಿಲ್ಲ. "ನಾನು ಬಿಟ್ಟೆ ಅನ್ನಿ, ಬಿಳಿದು ಬೀಜ ಉದುರ್ಸುತ್ತೆ. ನಮ್ಮ ಮೊಮ್ಮಕ್ಕಳು ಯಾವತ್ತೋ ಒಂದಿನ ಅಜ್ಜಿ ತೋಟ ಅಂತ ಬಂದು ಅಗೀತಾರೆ. ಆಗ ಯಾರು ಬಂದು ಹೇಳ್ತಾರೆ?" ಹಾಗಾಗಿ ಪ್ರತಿ ವಸಂತದಲ್ಲೂ, ಯಾರೂ ತಿನ್ನದ ತೋಟದಲ್ಲಿ, ಈ ಎಪ್ಪತ್ತು ದಾಟಿದ ಹೆಂಗಸು ಬಿಳಿ ಹೂ ಹುಡುಕುತ್ತಾರೆ. ಮೊದಲ ವರ್ಷ ಡಬ್ಬ ದಿನಕ್ಕೊಮ್ಮೆ ತುಂಬುತ್ತಿತ್ತು. ಈಗ ತಳ ಮುಚ್ಚಿದರೆ ಹೆಚ್ಚು.

ಅವರನ್ನು ಕೊರೆಯುವ ಸಂಗತಿ ಬೇರೆ. ಇಲ್ಲಿ ವರ್ಷಕ್ಕೊಮ್ಮೆ ಸತ್ತವರಿಗೆ ಊಟ ಕಳಿಸುವ ಪದ್ಧತಿಯಿದೆ. ಅವರು ಇಷ್ಟಪಟ್ಟು ತಿನ್ನುತ್ತಿದ್ದುದನ್ನೆಲ್ಲ ತಟ್ಟೆಗೆ ಬಡಿಸಿ ಬೆಂಕಿಗೆ ಕೊಡುತ್ತಾರೆ. ಆಲ್ವಿನ್‌ನ ತಟ್ಟೆ ಬಡಿಸುವವರು ರೋಸಲಿ. ಸಾಲ್ಮನ್ ಮೀನು, ಕರಿದ ರೊಟ್ಟಿ, ಸಕ್ಕರೆ ಸುರಿದ ಕಾಫಿ ಎಲ್ಲ ಇರುತ್ತದೆ, ಕಮಾಸ್ ಮಾತ್ರ ಇರುವುದಿಲ್ಲ. ತಮ್ಮನ ಪ್ರಾಣವೇ ಅದರ ಮೇಲಿತ್ತೆಂದು ಡೆಲ್ಫಿನ್‌ಗೆ ಗೊತ್ತು. ಅವನ ತಟ್ಟೆಗೆ ತನ್ನ ತೋಟದ್ದು ಹೋಗಬೇಕು ಎಂಬ ಆಸೆಯನ್ನು ಅವರು ಯಾರ ಬಳಿಯೂ ಹೇಳಿಕೊಂಡಿಲ್ಲ. ಯಾವ ಮುಖ ಹೊತ್ತು ಕೇಳುವುದು?

ಈ ವರ್ಷದ ಊಟಕ್ಕೆ ವಾರವಿರುವಾಗ ಒಂದು ಬೆಳಿಗ್ಗೆ ರೋಸಲಿ ಬೇಲಿಯ ಹತ್ತಿರ ಬಂದು ನಿಲ್ಲುತ್ತಾರೆ. ಮೊದಲೆಲ್ಲ ಅತ್ತಿಗೆ ಎಂದು ಬಾಯ್ತುಂಬ ಕರೆಯುತ್ತಿದ್ದವರು ಇವತ್ತು ಹೆಸರು ಹಿಡಿಯುತ್ತಾರೆ.

"ಡೆಲ್ಫಿನ್. ಅವನಿಗೆ ಬೇಕಂತೆ."

"ಯಾರಿಗೆ?"

"ಇನ್ಯಾರಿಗೆ? ಕನಸಲ್ಲಿ ಬರ್ತಾನೆ. ತಟ್ಟೆ ಮುಂದೆ ಸುಮ್ನೆ ಕೂತಿರ್ತಾನೆ, ಮೀನು ಮುಟ್ಟಲ್ಲ, ಕಾಫಿ ಮುಟ್ಟಲ್ಲ. ಬದುಕಿದ್ದಾಗ್ಲೂ ಇದೇ ಹಟ ಅಲ್ವಾ."

"ಕಿತ್ತು ಕೊಡ್ಲಾ?"

"ಬೇಡ. ನಿನ್ ಕೈದು ಒಂದ್ಸಲ ತಿಂದಿದಾನೆ, ಸಾಕು. ನಾನೇ ಕೀಳ್ತೀನಿ. ನೀನ್ ಕೂತು ನೋಡು."

ಡೆಲ್ಫಿನ್ ಕೋಲನ್ನು ಬೇಲಿಯಾಚೆಗೆ ನೀಡುತ್ತಾರೆ. ಹೂಗಳು ಬುಡದಿಂದ ಉದುರುತ್ತಾ ಬಂದಿವೆ, ತುದಿಯಲ್ಲಷ್ಟೇ ಒಂದೆರಡು ಅರಳಿವೆ. ಬೇಲಿ ದಾಟಿ ಬಂದ ರೋಸಲಿಗೆ ಅಭ್ಯಾಸ ತಪ್ಪಿದೆ, ಎರಡು ಗೆಡ್ಡೆ ಸೀಳಿಹೋಗುತ್ತವೆ. ಕಿತ್ತ ಒಂದೊಂದನ್ನೂ ದಂಟಿನ ಸಮೇತ ಎತ್ತಿ ಹಿಡಿಯುತ್ತಾರೆ.

"ಇದು?"

"ನೀಲಿ."

"ಇದು?"

"ನೀಲಿ."

ಬಣ್ಣ ಇಬ್ಬರಿಗೂ ಕಾಣುತ್ತದೆ. ಆದರೂ ಬುಟ್ಟಿ ತುಂಬುವವರೆಗೆ ರೋಸಲಿ ಕೇಳುತ್ತಾರೆ, ಡೆಲ್ಫಿನ್ ಹೇಳುತ್ತಾರೆ. ಕೊನೆಗೆ ಡೆಲ್ಫಿನ್ ಧೈರ್ಯ ಮಾಡುತ್ತಾರೆ. "ಬೆಂದ ಮೇಲೆ ನೀನೂ ಒಂದು ತಿಂತೀಯಾ, ರೋಸಲಿ?"

ರೋಸಲಿ ತಮ್ಮ ಅಂಗಿಯ ತುದಿಗೆ ಕೈ ಒರೆಸಿಕೊಳ್ಳುತ್ತಾರೆ. "ಅವನಿಗೇನು, ಸತ್ತಾಗಿದೆ. ನಂಗೆ ಮೊಮ್ಮಕ್ಕಳಿದಾರೆ."

ಬೆಂಕಿಯ ಮುಂದೆ ಏನು ನಡೆಯಿತೆಂದು ಬರೆಯುವ ಹಾಗಿಲ್ಲ, ಅದು ಆ ಮನೆಯವರದು. ಆಮೇಲಿನ ಊಟದ್ದು ಹೇಳಬಹುದು. ಉದ್ದನೆಯ ಮೇಜಿನ ಮೇಲೆ ಮಿಕ್ಕ ಕಮಾಸ್ ಒಂದು ತಟ್ಟೆಯಲ್ಲಿತ್ತು. ಅದು ಕೈಯಿಂದ ಕೈಗೆ ದಾಟುತ್ತಾ, ಹೆಚ್ಚುಕಡಿಮೆ ತುಂಬಿಯೇ ಡೆಲ್ಫಿನ್ ಮುಂದೆ ಬಂತು. ಎಲ್ಮರ್ ಮಾತ್ರ ಒಂದನ್ನೆತ್ತಿ, ಕಾಗದದ ಕರವಸ್ತ್ರದಲ್ಲಿ ಸುತ್ತಿ, ಮನೆಗೆ ಹೋಗಿ ತಿಂತೀನಿ ಎಂದು ಜೇಬಿಗಿಟ್ಟುಕೊಂಡರು. ತಿನ್ನುವುದಿಲ್ಲ ಎಂದು ಎಲ್ಲರಿಗೂ ಗೊತ್ತಿತ್ತು. ಡೆಲ್ಫಿನ್ ಎಲ್ಲರೆದುರು ಒಂದೊಂದಾಗಿ ತಿಂದರು. ನೋಡುತ್ತಿದ್ದವರು ಮಕ್ಕಳನ್ನು ಹತ್ತಿರಕ್ಕೆ ಎಳೆದುಕೊಂಡರು.

ಮರುದಿನ ಬೆಳಿಗ್ಗೆಯೂ ಅವರು ಇಳಿಜಾರಿನಲ್ಲೇ ಇದ್ದಾರೆ, ತಡವಾಗಿ ಅರಳಿದ ಬಿಳಿ ಉಳಿದಿರಬಹುದೆಂದು. ಯಾರೂ ಮುಟ್ಟಲಿಲ್ಲವಲ್ಲ, ಬೇಸರವಿಲ್ಲವೇ ಎಂದು ಕೇಳಿದರೆ ಕೋಲನ್ನು ಮಣ್ಣಿಗೆ ಊರುತ್ತಾರೆ.

"ನನ್ ತಮ್ಮ ತಿಂದನಲ್ಲ," ಎನ್ನುತ್ತಾರೆ. "ಈ ಸಲ ಅವನ ತಟ್ಟೆಗೆ ಹೋಗಿದ್ದು ಎಲ್ಲಾ ನೀಲಿದೇ. ಒಂದೊಂದೂ ನೋಡಿದೀನಿ."