ರಕ್ತ ನಿಂತಿತೆಂದು ಖುಷಿಪಟ್ಟ ಮಳೆಗಾಲ

ಕೊರೊನಾದ ಗಲಾಟೆ ತಣ್ಣಗಾದ ಮರುವರ್ಷ ನಾನು ಶ್ರೀಮಂಗಲದ ಕಡೆಯ ಒಂದು ಸಣ್ಣ ಆಸ್ಪತ್ರೆಯಲ್ಲಿ ಹಿರಿಯ ಸ್ಟಾಫ್ ನರ್ಸ್ ಆಗಿದ್ದೆ. ಆಗ ಅಲ್ಲಿಗೆ ಬಂದ ಒಬ್ಬ ರೋಗಿಯ ವಿಷಯ ಬರೆಯುತ್ತಿದ್ದೇನೆ. ಆಕೆ ನನ್ನ ನಾದಿನಿ ಲತಾ, ನನ್ನ ಗಂಡನ ಒಬ್ಬಳೇ ತಂಗಿ. ಅವಳನ್ನು ಕೇಸ್ ಎಂದು ಕರೆಯಲು ಮನಸ್ಸು ಬಾರದು. ಆದರೂ ಕೆಲಸದ ವಿಷಯವಾಗಿಯೇ ಬರೆಯುತ್ತೇನೆ. ಬೇರೆ ರೀತಿ ಬರೆಯಹೊರಟರೆ ಮುಗಿಸಲಾರೆ.

ಲತಾಳ ಗಂಡ ಸುರೇಶ ಕುಟ್ಟದ ಹತ್ತಿರದ ಎಸ್ಟೇಟಿನಲ್ಲಿ ರೈಟರ್, ಅಂದರೆ ಆಳುಗಳ ಹಾಜರಿ ಮತ್ತು ಕೆಲಸ ನೋಡಿಕೊಳ್ಳುವವನು. ಲತಾ ಅಲ್ಲಿಯ ನರ್ಸರಿಯಲ್ಲಿ ಕಾಫಿ ಸಸಿಗಳನ್ನು ನೋಡಿಕೊಳ್ಳುತ್ತಿದ್ದಳು. ಎರಡು ಸಲ ಬಸಿರಾಗಿ ಎರಡು ಸಲವೂ ಹೋಗಿತ್ತು. ಆ ಬೇಸಿಗೆಯಲ್ಲಿ ಎಡಗಾಲು ಊದಿಕೊಂಡು ಆಸ್ಪತ್ರೆಗೆ ಬಂದಳು.

“ಒಂದು ಕಾಲು ನಂದು ಅತ್ತಿಗೆ, ಇನ್ನೊಂದು ಆನೆದು,” ಎಂದು ನಕ್ಕಳು. ಮೀನಖಂಡ ಮುಟ್ಟಿದೆ. ಬಿಸಿಯಾಗಿತ್ತು. ನನಗೆ ನಗು ಬರಲಿಲ್ಲ.

ನಮ್ಮ ಡಾಕ್ಟರು ಅವತ್ತೇ ಮೈಸೂರಿಗೆ ಕಳಿಸಿದರು. ಸ್ಕ್ಯಾನ್‌ನಲ್ಲಿ ಕಾಲಿನ ಒಳಗಿನ ರಕ್ತನಾಳದಲ್ಲಿ ಹೆಪ್ಪು ಕಂಡಿತು. ವಿಚಿತ್ರವೆಂದರೆ, ಚಿಕಿತ್ಸೆಗೆ ಮುಂಚೆ ತೆಗೆದ ಅವಳ ರಕ್ತ ಲ್ಯಾಬಿನ ಟ್ಯೂಬಿನಲ್ಲಿ ಹೆಪ್ಪುಗಟ್ಟಲು ಮಾಮೂಲಿಗಿಂತ ಹೆಚ್ಚು ಹೊತ್ತು ತೆಗೆದುಕೊಂಡಿತ್ತು. ಅಲ್ಲಿಯ ತಜ್ಞರು ನಮಗೆ ಬಿಡಿಸಿ ಹೇಳಿದರು. ರೋಗಾಣುಗಳ ವಿರುದ್ಧ ಹೋರಾಡಲು ದೇಹ ಆಂಟಿಬಾಡಿಗಳನ್ನು ತಯಾರಿಸುತ್ತದೆ. ಕೆಲವರಲ್ಲಿ ಅವು ಸ್ವಂತ ದೇಹದ ಮೇಲೆಯೇ ತಿರುಗಿಬೀಳುತ್ತವೆ. ಅವನ್ನು ಆಟೋಆಂಟಿಬಾಡಿ ಎನ್ನುತ್ತಾರೆ. ಲತಾಳಲ್ಲಿ ಅವು ಜೀವಕೋಶದ ಪೊರೆಯಲ್ಲಿರುವ ಫಾಸ್ಫೋಲಿಪಿಡ್ ಎಂಬ ಕೊಬ್ಬಿನ ಅಂಶಕ್ಕೆ ಅಂಟಿಕೊಳ್ಳುವ ಪ್ರೋಟೀನುಗಳನ್ನು ಹಿಡಿದಿದ್ದವು. ಟ್ಯೂಬಿನೊಳಗೆ ಅವು ಪರೀಕ್ಷೆಯ ರಾಸಾಯನಿಕಕ್ಕೆ ಅಡ್ಡಬಂದು ರಕ್ತ ತೆಳುವಾದಂತೆ ತೋರಿಸುತ್ತವೆ. ದೇಹದೊಳಗೆ ಮಾಡುವುದು ತದ್ವಿರುದ್ಧ: ರಕ್ತವನ್ನು ಬೇಡದ ಕಡೆ ಗಟ್ಟಿಯಾಗಿಸುತ್ತವೆ. ಬಸಿರು ಹೋಗಲು ಕಾರಣವೂ ಇದೇ ಇರಬಹುದು ಎಂದರು. ಮೂರು ತಿಂಗಳು ಕಳೆದು ಮತ್ತೆ ಪರೀಕ್ಷಿಸಿದಾಗಲೂ ಆಂಟಿಬಾಡಿಗಳು ಇದ್ದವು. ಕಾಯಿಲೆಯ ಹೆಸರು ಆಂಟಿಫಾಸ್ಫೋಲಿಪಿಡ್ ಸಿಂಡ್ರೋಮ್.

ಹೆಪ್ಪುಗಟ್ಟುವುದನ್ನು ತಡೆಯಲು ಮೊದಲ ದಿನಗಳಿಂದಲೇ ವಾರ್ಫರಿನ್ ಮಾತ್ರೆ ಕೊಟ್ಟಿದ್ದರು. ಅದರ ಪ್ರಮಾಣ ಸರಿಯಿದೆಯೇ ಎಂದು ನೋಡಲು ಆಗಾಗ ಐ.ಎನ್.ಆರ್. ಎಂಬ ರಕ್ತಪರೀಕ್ಷೆ. “ಒಂದು ವರ್ಷ ಇದು ಸರಿಯಾಗಿ ನಡೆಯಲಿ. ಆಮೇಲೆ ಮಾತ್ರೆ ಬಿಟ್ಟು ಇಂಜೆಕ್ಷನ್‌ಗೆ ಬದಲಾಯಿಸಿ ಮಗುವಿನ ಯೋಚನೆ ಮಾಡೋಣ,” ಎಂದರು ತಜ್ಞರು. ಮೈಸೂರಿನಿಂದ ವಾಪಸ್ ಬರುವ ದಾರಿಯುದ್ದಕ್ಕೂ ಲತಾ ಅದೊಂದೇ ಮಾತು ಆಡಿದಳು.

ಆ ಮಳೆಗಾಲ ಅವಳು ಮನೆಯಲ್ಲೇ ಇದ್ದಳು. ಮಾತ್ರೆ ಒಂದು ದಿನವೂ ತಪ್ಪಲಿಲ್ಲ. ಮರುವರ್ಷ ಮಳೆ ಹಿಡಿದಾಗ ನರ್ಸರಿ ಕೆಲಸಕ್ಕೆ ಮರಳಿದ್ದಳು.

ನಮ್ಮ ಕಡೆ ಮಳೆಗಾಲದಲ್ಲಿ ತೋಟಕ್ಕೆ ಇಳಿದವರಿಗೆ ಜಿಗಣೆ ತಪ್ಪಿದ್ದಲ್ಲ. ಅದು ಕಚ್ಚುವಾಗ ರಕ್ತ ಹೆಪ್ಪುಗಟ್ಟದಂತೆ ಮಾಡುವ ರಸ ಬಿಡುತ್ತದೆ. ಸ್ವಲ್ಪ ಹೊತ್ತು ರಕ್ತ ಸೋರುತ್ತದೆ, ಕಾಗದದ ಚೂರು ಅಂಟಿಸಿ ಎಲ್ಲರೂ ಮರೆಯುತ್ತಾರೆ. ಲತಾಳಿಗೆ ಮಾತ್ರ ಬೆಳಿಗ್ಗೆ ಕಚ್ಚಿದ್ದು ಸಂಜೆಯವರೆಗೂ ಸೋರಿತು. ಕಾಲುಚೀಲ ತೊಯ್ದು ಬೂಟಿನೊಳಗೆ ರಕ್ತ ಮಡುಗಟ್ಟಿತ್ತು. ಲೈನಿನ, ಅಂದರೆ ಆಳುಗಳ ಸಾಲುಮನೆಯ ಹೆಂಗಸರು ನೋಡಿ ಕಿರುಚಿಕೊಂಡರಂತೆ.

ಅವಳ ಅತ್ತೆ ಪ್ರೀತಿಯ ಹೆಂಗಸು. ಅವರೂ ಹೆದರಿದರು. “ರಿಪೋರ್ಟಲ್ಲೇ ಬಂದಿತ್ತಲ್ಲ, ಇವಳ ರಕ್ತ ತೆಳು ಅಂತ. ಅದರ ಮೇಲೆ ತೆಳು ಮಾಡುವ ಮಾತ್ರೆ ಬೇರೆ! ಮಳೆ ಬಿಡುವವರೆಗೆ ಬೇಡ ಮಗ, ಹೀಗೆ ಹರಿದ್ರೆ ಮೈಯಲ್ಲಿ ಎಂಥ ಉಳಿತದೆ?” ಎಂದರಂತೆ. ಮಾತ್ರೆ ನಿಂತಿತು. ಕೆಲವು ದಿನ ಕಳೆದ ಮೇಲೆ ಜಿಗಣೆ ಕಚ್ಚಿದರೆ ಎಲ್ಲರಿಗೆ ನಿಂತಂತೆ ಅವಳಿಗೂ ರಕ್ತ ನಿಂತಿತು. ಮನೆಯವರು ನಿಟ್ಟುಸಿರು ಬಿಟ್ಟರು.

ನನಗೆ ಇದೊಂದೂ ಗೊತ್ತಿರಲಿಲ್ಲ. ಐ.ಎನ್.ಆರ್.ಗೆ ಯಾಕೆ ಬರಲಿಲ್ಲ ಎಂದು ಫೋನಿನಲ್ಲಿ ಕೇಳಿದರೆ, “ಈ ಮಳೆಯಲ್ಲಾ? ಆರಾಮ ಇದ್ದೇನೆ ಅತ್ತಿಗೆ, ಬಿಸಿಲು ಬರಲಿ,” ಎಂದಳು.

ಒಂದು ಬೆಳಿಗ್ಗೆ ಎಸ್ಟೇಟಿನ ಜೀಪು ಬಂತು. ಸುರೇಶ ಅವಳನ್ನು ಎತ್ತಿಕೊಂಡೇ ಇಳಿದ. ತುಟಿ ನೀಲಿಗಟ್ಟಿತ್ತು.

“ಉಸಿರು ಅರ್ಧಕ್ಕೇ ನಿಲ್ತದೆ ಅತ್ತಿಗೆ.”

“ಮಾತ್ರೆ ತಗೊಳ್ತಿದ್ದೀಯಲ್ಲ?”

ಅವಳು ಗಂಡನ ಮುಖ ನೋಡಿದಳು. ಸುರೇಶ ಹೇಳಿದ, “ಮಳೆ ಶುರುವಾದ ಮೇಲೆ ಇಲ್ಲ ಅಕ್ಕ.”

ಆಕ್ಸಿಜನ್ ಮಾಸ್ಕ್ ಹಾಕಿ ಪಟ್ಟಿ ಸಿಕ್ಕಿಸಿದೆ. ಕಾಲಿನ ಹೆಪ್ಪು ಶ್ವಾಸಕೋಶಕ್ಕೆ ಹೋಗಿದೆ ಎಂದು ಡಾಕ್ಟರು ಹೇಳುವ ಮೊದಲೇ ನನಗೆ ಗೊತ್ತಾಗಿತ್ತು. ಇಂಜೆಕ್ಷನ್ ಕೊಟ್ಟು ಆಂಬ್ಯುಲೆನ್ಸ್ ಹತ್ತಿಸಿದೆವು. ನಾನೂ ಹತ್ತಿದೆ. ಕಾಡಿನ ರಸ್ತೆಯಲ್ಲಿ ಅವಳು ನನ್ನ ಬೆರಳು ಬಿಗಿಯಾಗಿ ಹಿಡಿದು, “ಮಗು ಆಗ್ತದಲ್ಲ?” ಎಂದಳು. ಆಗ್ತದೆ ಎಂದೆ. ಹುಣಸೂರು ಮುಟ್ಟುವ ಮೊದಲೇ ಹಿಡಿತ ಸಡಿಲವಾಯಿತು.

ತಿಥಿ ಮುಗಿದ ದಿನ ಸುರೇಶ ಜಗಲಿಯಲ್ಲಿ ಕೂತು, “ರಕ್ತ ನಿಂತಾಗ ನಾವು ಖುಷಿಪಟ್ವಲ್ಲ ಅಕ್ಕ,” ಎಂದ. ಅವರು ಅಸಡ್ಡೆ ಮಾಡಲಿಲ್ಲ. ಕಣ್ಣಿಗೆ ಕಂಡ ಕೆಂಪು ರಕ್ತಕ್ಕೆ ಹೆದರಿದರು. ಒಳಗೆ ಕಾಣದಂತೆ ಗಟ್ಟಿಯಾಗುವುದಕ್ಕೆ ಹೆದರಲು ಯಾರಿಗೆ ತಾನೇ ಬರುತ್ತದೆ?

ಮತ್ತೆ ಕೆಲಸಕ್ಕೆ ಹೋದ ವಾರ ಹೃದಯದ ಕವಾಟದ ಆಪರೇಷನ್ ಆಗಿ ಅದೇ ಮಾತ್ರೆ ನುಂಗುತ್ತಿದ್ದ ಯಜಮಾನರೊಬ್ಬರು ಪರೀಕ್ಷೆಗೆ ಬಂದರು. ಮಾತ್ರೆ ಸರಿಯಾಗಿ ತಗೊಳ್ಳಿ ಎಂದು ಹೇಳಿ ಕಳಿಸುವುದು ನಮ್ಮ ವಾಡಿಕೆ. ಅವತ್ತು ನಾನು ಬೇರೆಯೇ ಒಂದು ಪ್ರಶ್ನೆ ಕೇಳಿದೆ.

“ತೋಟದಲ್ಲಿ ಜಿಗಣೆ ಕಚ್ಚಿದ್ರೆ ಎಂಥ ಮಾಡ್ತೀರಿ?”

ಅವರು ನಕ್ಕರು. “ಎಂಥ ಮಾಡುದು ಸಿಸ್ಟರೇ, ನಾಲ್ಕು ದಿನ ಮಾತ್ರೆ ಬಿಡುದು. ಎಲ್ಲರೂ ಹಾಗೇ ಅಲ್ವಾ?”

ಹೇಳುವ ಮೊದಲು ಕೇಳಬೇಕು, ಅವರ ಹೆದರಿಕೆ ಯಾವುದು ಎಂದು ತಿಳಿದುಕೊಳ್ಳಬೇಕು ಎಂಬುದನ್ನು ನನ್ನ ಕೆಲಸ ನನಗೆ ಕಲಿಸಿದ್ದು ಇಷ್ಟು ತಡವಾಗಿ. ಸ್ಟೂಲ್ ಎಳೆದುಕೊಂಡು ಅವರ ಮುಂದೆ ಕೂತೆ. ಗಾಯವನ್ನು ಎಲ್ಲಿ, ಹೇಗೆ ಒತ್ತಿಹಿಡಿಯಬೇಕು, ನಿಲ್ಲದಿದ್ದರೆ ಮಾತ್ರೆ ಬಿಡದೆ ನೇರ ಇಲ್ಲಿಗೇ ಬರಬೇಕು ಎಂದು ಅವರ ಕಾಲನ್ನೇ ಹಿಡಿದು ತೋರಿಸಿದೆ.

“ಬಿಡಿ ಸಿಸ್ಟರೇ, ಕಾಲು ನೋಯ್ತದೆ,” ಎಂದರು ಅವರು. ಆಮೇಲೆಯೇ ಕೈ ತೆಗೆದೆ.