ಗಿಡಕ್ಕೆ ಕಟ್ಟಿದ ರೀಲು

ಇಂಥ ಸಂಗತಿಗಳನ್ನು ಬೇರೆಯವರು ಹೇಳಿದರೆ ನಾನು ನಕ್ಕುಬಿಡುತ್ತಿದ್ದೆ. ಆರನೇ ಕ್ಲಾಸಿಗೆ ಶಾಲೆ ಬಿಟ್ಟು, ದುಡಿದು ದುಡಿದೇ ಬಾಳೂರಿನ ಎಸ್ಟೇಟೊಂದರಲ್ಲಿ ಮೇಸ್ತ್ರಿಯಾದವನು ನಾನು. ಕಣ್ಣಿಗೆ ಕಂಡದ್ದು, ಕೈಗೆ ಸಿಕ್ಕಿದ್ದು ಬಿಟ್ಟರೆ ಬೇರೇನನ್ನೂ ನಂಬಿದವನಲ್ಲ.

ಕೆಲವು ವರ್ಷಗಳ ಹಿಂದೆ, ಕ್ಯಾಮೆರಾ ಇಲ್ಲದೆ ಸಿನಿಮಾ ಮಾಡುವ ಕಲಾವಿದೆಯೊಬ್ಬರು ನಮ್ಮ ತೋಟಕ್ಕೆ ಬಂದರು. ಹಳೆಯ ಕಪ್ಪು ಸಿನಿಮಾ ರೀಲಿನ ತುಂಡುಗಳನ್ನು ಕಾಫಿ ಗಿಡಗಳ ಕಾಂಡಕ್ಕೆ ಸುತ್ತಿ ಮಳೆಗಾಲ ಪೂರ್ತಿ ಬಿಡುವುದು. ನೀರು, ಪಾಚಿ, ಹುಳ ಅದರ ಮೇಲೆ ಏನು ಗೀಚುತ್ತವೋ ಅದೇ ಅವರ ಸಿನಿಮಾ. ಕಾಯುವ ಕೆಲಸ ನನ್ನದಾಯಿತು. "ಏನ್ ಮಾರಾಯ, ಗಿಡಕ್ಕೆ ರಿಬ್ಬನ್ ಕಟ್ಟಿ ಮದುವೆ ಮಾಡಿಸ್ತೀಯಾ?" ಎಂದು ಜೀಪಿನ ಡ್ರೈವರ್ ಆಡಿಕೊಂಡ.

ಮಳೆ ಕಳೆದ ಮೇಲೆ, ಕಾಂಡ ಕೊರೆಯುವ ಬೋರರ್ ಹುಳ ಮೊಟ್ಟೆ ಇಡದಂತೆ ನಾವು ಕಾಂಡದ ತೊಗಟೆಯನ್ನು ನಾರಿನಿಂದ ಉಜ್ಜುತ್ತೇವೆ. ರೂಢಿಬಿದ್ದ ಕೈ; ಎತ್ತಲೋ ನೋಡುತ್ತ ಒಂದು ಗಿಡವನ್ನು ರೀಲಿನ ಸಮೇತ ಉಜ್ಜಿಬಿಟ್ಟೆ. ಕಪ್ಪೆಲ್ಲ ಹೋಗಿ ಬರೀ ಗಾಜಿನಂಥ ಪಟ್ಟಿ ಉಳಿಯಿತು. ಮೇಸ್ತ್ರಿಯೇ ಹಾಳು ಮಾಡಿದ ಅನ್ನಿಸಿಕೊಳ್ಳಲು ಮನಸ್ಸಾಗಲಿಲ್ಲ. ಕೆಂಪು ಮಣ್ಣು ಕಲಸಿ, ಹೆಬ್ಬೆರಳಿನಿಂದ ಅಲ್ಲಲ್ಲಿ ಒತ್ತಿ, ಒಣಗಿಸಿ, ಉಳಿದವುಗಳ ಜೊತೆ ಕೊಟ್ಟೆ.

ಒಂದು ಸಂಜೆ ಕಲಾವಿದೆ ಗೋಡೌನಿನ ಗೋಡೆಯ ಮೇಲೆ ಆ ತುಂಡುಗಳನ್ನೆಲ್ಲ ಓಡಿಸಿ ತೋರಿಸಿದರು. ಕಲೆ, ಗೀರು, ಹಸಿರು ಮಚ್ಚೆ ಓಡಿದವು. ಆಮೇಲೆ ನನ್ನ ತುಂಡು ಬಂತು. ಅದರಲ್ಲಿ ಒಬ್ಬ ಮನುಷ್ಯ ನಡೆದುಹೋದ. ಬಲ ಭುಜ ಎತ್ತಿಕೊಂಡು, ನಡುವೆ ಒಮ್ಮೆ ನಿಂತು, ಮತ್ತೆ ನಡೆದ. ನಾನೇ ಕಣ್ಣಾರೆ ನೋಡಿದೆ.

ಹಣ್ಣು ಕೊಯ್ಯುವ ಗಿರಿಜಕ್ಕ ಕೂತಲ್ಲಿಂದ ಎದ್ದು ನಿಂತರು. "ನಮ್ಮನೆಯವ್ರು. ಮೂಟೆ ಹೊತ್ತು ಹೊತ್ತು ಭುಜ ಹಂಗೇ ಆಗಿತ್ತು" ಎಂದರು. ಅವರ ಗಂಡ ನಾನು ಈ ತೋಟಕ್ಕೆ ಬರುವ ಮುಂಚೆಯೇ ತೀರಿಕೊಂಡವರು. ನಾನು ಅವರನ್ನು ನೋಡಿದವನಲ್ಲ, ಅವರ ಮನೆಯಲ್ಲಿ ಒಂದು ಫೋಟೋವೂ ಇಲ್ಲ. "ಗಿಡ ನೆನಪಿಟ್ಟುಕೊಂಡಿದೆ" ಎಂದರು ಕಲಾವಿದೆ.

ಅಂದಿನಿಂದ ಗಿರಿಜಕ್ಕ ಎಲೆಅಡಿಕೆ ಹಾಕಲು ಆ ತುಂಡು ಸುತ್ತಿದ್ದ ಗಿಡದ ಹತ್ತಿರವೇ ಕೂರುತ್ತಾರೆ. ಅರ್ಧ ಎಲೆ ಬುಡಕ್ಕಿಡುತ್ತಾರೆ. ನನ್ನನ್ನು ಕಂಡರೆ "ನೀವು ಕಾದಿದ್ದಕ್ಕೆ ಅವ್ರು ಬಂದ್ರು" ಎಂದು ಕೈ ಮುಗಿಯುತ್ತಾರೆ. ಆ ಕೈ ನೋಡಲಾಗದೆ ನಾನು ಬೇರೆ ಸಾಲಿಗೆ ಹೋಗಿಬಿಡುತ್ತೇನೆ.

ಕಳೆದ ಕೊಯ್ಲಿನಲ್ಲಿ, ಇನ್ನೊಂದು ಸಲ ಗಂಡನನ್ನು ನೋಡಬೇಕು ಎಂದು ನನ್ನನ್ನು ಕೇಳಿದರು. ಕಲಾವಿದೆಗೆ ಹೇಳಿ ಆ ತುಂಡಿನ ವಿಡಿಯೋವನ್ನು ಫೋನಿಗೆ ತರಿಸಿಕೊಂಡೆ. ಮೊದಲು ನಾನೇ ನೋಡಿದೆ. ಯಾವ ಮನುಷ್ಯನೂ ಇರಲಿಲ್ಲ. ನನ್ನ ಹೆಬ್ಬೆರಳಿನ ಗುರುತು, ಅಷ್ಟೇ. ಸದ್ಯ, ಈಗಲಾದರೂ ನಿಜ ಹೇಳಿ ಹಗುರಾಗೋಣ ಎಂದುಕೊಂಡು ಅವರ ಕೈಗೆ ಫೋನು ಕೊಟ್ಟು, "ಗಿರಿಜಕ್ಕ, ಅದು..." ಎಂದೆ.

ಅವರು ಕೊನೆಯವರೆಗೂ ನೋಡಿದರು. "ದಾಟಿ ಹೋದ್ರು ಅಂತ ಕಾಣ್ತದೆ. ಹೋಗ್ಲಿ ಬಿಡಿ, ಪಾಪ, ಎಷ್ಟು ಅಂತ ನಡೀತಾರೆ" ಎಂದು ಫೋನು ವಾಪಸು ಕೊಟ್ಟು, ಸೊಂಟಕ್ಕೆ ಚೀಲ ಕಟ್ಟಿಕೊಂಡು ಕೊಯ್ಯಲು ಹೋದರು.

ಮಣ್ಣು ಒತ್ತಿದವನು ನಾನು, ಅದು ಸತ್ಯ. ಆ ಸಂಜೆ ಗೋಡೆಯ ಮೇಲೆ ಅವರ ಗಂಡ ನಡೆದುಹೋದದ್ದನ್ನು ನಾನೂ ನೋಡಿದ್ದೇನೆ, ಅದೂ ಸತ್ಯ. ಇವೆರಡನ್ನೂ ಒಟ್ಟಿಗೆ ಇಟ್ಟುಕೊಂಡು ಗಿರಿಜಕ್ಕನ ಮುಖ ನೋಡುವುದು ಹೇಗೆಂದು ನನಗಿನ್ನೂ ಗೊತ್ತಾಗಿಲ್ಲ.